ಹಲ್ಲಿನಿಂದ ಹುಟ್ಟಿದ ದೈತ್ಯ

ಇಗ್ವಾನಾ ಎಂಬ ದೊಡ್ಡ ಹಲ್ಲಿಜಾತಿಯ ಪ್ರಾಣಿಯ ಹಲ್ಲನ್ನು ಭೂತಗನ್ನಡಿ ಹಿಡಿದು ನೋಡಬೇಕು. ಚಪ್ಪಟೆಯಾದ ಪುಟ್ಟ ಎಲೆಯಂತಿರುತ್ತದೆ, ಅಂಚಿನುದ್ದಕ್ಕೂ ಗರಗಸದಂಥ ಕಚ್ಚುಗಳು. ಸೊಪ್ಪು ಕತ್ತರಿಸಲೆಂದೇ ಆದ ಹಲ್ಲು ಅದು. ಡೈನೊಸಾರ್ ಎಂದೊಡನೆ ಬೃಹತ್ ಹಲ್ಲಿಯೊಂದು ನಮ್ಮ ಕಣ್ಣಿಗೆ ಕಟ್ಟುವುದರಲ್ಲಿ ಈ ಹಲ್ಲಿನ ಪಾಲು ದೊಡ್ಡದು.

1820ರ ದಶಕದ ಆರಂಭದಲ್ಲಿ ಇಂಗ್ಲೆಂಡಿನ ಸಸೆಕ್ಸ್‌ನ ವೈದ್ಯ ಗಿಡಿಯನ್ ಮ್ಯಾಂಟೆಲ್ ಅವರಿಗೆ ಸವೆದ ದೊಡ್ಡ ಹಲ್ಲುಗಳ ಪಳೆಯುಳಿಕೆಗಳು ಸಿಕ್ಕವು. ಪ್ಯಾರಿಸ್‌ನ ಪ್ರಸಿದ್ಧ ವಿಜ್ಞಾನಿ ಜಾರ್ಜ್ ಕುವಿಯೆ ಮೊದಲಿಗೆ ಅವು ಘೇಂಡಾಮೃಗದವು ಎಂದರು. ಮ್ಯಾಂಟೆಲ್ ಅವರ ಮನಸ್ಸು ಒಪ್ಪಲಿಲ್ಲ. ಕೊನೆಗೆ ಲಂಡನ್ನಿನ ಹಂಟೇರಿಯನ್ ವಸ್ತುಸಂಗ್ರಹಾಲಯದಲ್ಲಿ ಸ್ಯಾಮ್ಯುಯೆಲ್ ಸ್ಟಚ್‌ಬರಿ ಇಗ್ವಾನಾದ ಹಲ್ಲುಗಳನ್ನು ತೋರಿಸಿದರು. ಗಾತ್ರ ಬಿಟ್ಟರೆ ಅದೇ ಎಲೆ, ಅದೇ ಕಚ್ಚು! 1825ರಲ್ಲಿ ಆ ಡೈನೊಸಾರ್‌ಗೆ ‘ಇಗ್ವಾನೋಡಾನ್’ ಎಂಬ ಹೆಸರು ಬಂತು.

ಹಲ್ಲಿನ ಹೋಲಿಕೆಯನ್ನು ಇಡೀ ಮೈಗೆ ಹಿಗ್ಗಿಸಿದ್ದೇ ಎಡವಟ್ಟಾಯಿತು. ಇಗ್ವಾನಾದ ಅಳತೆಯನ್ನೇ ಗುಣಿಸಿ 60 ಅಡಿಗೂ ಮೀರಿದ ದೈತ್ಯನನ್ನು ಕಲ್ಪಿಸಲಾಯಿತು. ಶಂಕುವಿನಾಕಾರದ ಒಂಟಿ ಮೂಳೆಯೊಂದು ಸಿಕ್ಕಾಗ ಅದನ್ನು ಮೂಗಿನ ಮೇಲೆ ಕೊಂಬಾಗಿ ಕೂರಿಸಿದರು. 1854ರಲ್ಲಿ ಲಂಡನ್ನಿನ ಕ್ರಿಸ್ಟಲ್ ಪ್ಯಾಲೇಸ್ ಉದ್ಯಾನದಲ್ಲಿ ನಿಲ್ಲಿಸಿದ ಇಗ್ವಾನೋಡಾನ್ ಪ್ರತಿಮೆಗೆ ಇಂದಿಗೂ ಆ ಕೊಂಬಿದೆ. 1878ರಲ್ಲಿ ಬೆಲ್ಜಿಯಂನ ಬೆರ್ನಿಸಾರ್ ಕಲ್ಲಿದ್ದಲು ಗಣಿಯಲ್ಲಿ ಮೂವತ್ತಕ್ಕೂ ಹೆಚ್ಚು ಅಸ್ಥಿಪಂಜರಗಳು ಸಿಕ್ಕ ಮೇಲೆ ನಿಜ ಬಯಲಾಯಿತು: ಅದು ಕೊಂಬಲ್ಲ, ಹೆಬ್ಬೆರಳಿನ ಮುಳ್ಳು.

ಆದರೂ ಜನಮನದಲ್ಲಿ ಹಲ್ಲಿಯೇ ಉಳಿಯಿತು. 1959ರ ಹಾಲಿವುಡ್ ಚಿತ್ರವೊಂದರಲ್ಲಿ ಜೀವಂತ ಇಗ್ವಾನಾಗಳ ಬೆನ್ನಿಗೆ ಮೀನಿನ ಈಜುರೆಕ್ಕೆಯಂಥದ್ದನ್ನು ಅಂಟಿಸಿ ಪ್ರಾಚೀನ ಸರೀಸೃಪಗಳೆಂದು ತೋರಿಸಿದರು. ಆ ಮೂಕಪ್ರಾಣಿಗಳನ್ನು ನೆನೆದರೆ ಸಂಕಟವಾಗುತ್ತದೆ. 1998ರ ಅಮೆರಿಕನ್ ‘ಗಾಡ್ಜಿಲ್ಲಾ’ ಕೂಡ ಅಣುಪರೀಕ್ಷೆಯ ವಿಕಿರಣದಿಂದ ದೈತ್ಯವಾದ ಇಗ್ವಾನಾವೇ.

ನಮ್ಮ ಕಾಡುಗಳಲ್ಲಿ ಇಗ್ವಾನಾ ಇಲ್ಲ. ನೋಡಲು ಉಡದಂತೆ ಕಂಡರೂ ವಂಶದಲ್ಲಿ ಇಗ್ವಾನಾಕ್ಕೆ ಹತ್ತಿರವಾದದ್ದು ಬೇಲಿಯ ಮೇಲೆ ತಲೆ ಆಡಿಸುವ ಓತಿಕ್ಯಾತ.

ಸಿನಿಮಾದವರು ಇಗ್ವಾನಾವನ್ನು ಹಿಗ್ಗಿಸುತ್ತಲೇ ಬಂದರು. ನಿಜವಾದ ಸೋಜಿಗ ಇರುವುದು ಅದು ಕುಗ್ಗುವುದರಲ್ಲಿ. ಪೆಸಿಫಿಕ್ ಸಾಗರದ ಗ್ಯಾಲಪಗಾಸ್ ದ್ವೀಪಗಳ ಕಡಲ ಇಗ್ವಾನಾಗಳಿಗೆ ಪಾಚಿಯೇ ಆಹಾರ. ಎಲ್ ನಿನೊ ಎಂಬ ಹವಾಮಾನದ ಏರುಪೇರು ಬಂದು ಸಮುದ್ರ ಬಿಸಿಯಾದರೆ ಅದು ಸಿಗುವುದಿಲ್ಲ. ಆಗ ಕೆಲವು ಇಗ್ವಾನಾಗಳ ಉದ್ದವೇ ಶೇ 20ರವರೆಗೆ ಕಡಿಮೆಯಾಗುತ್ತದೆ ಎಂಬುದನ್ನು 2000ದಲ್ಲಿ ಪ್ರಕಟವಾದ ಅಧ್ಯಯನ ತೋರಿಸಿತು. ಕರಗುವುದು ಬರೀ ಮಾಂಸವಲ್ಲ, ಮೂಳೆಯೂ ಹೌದು. ಮೈ ಗಿಡ್ಡವಾದಷ್ಟೂ ಬದುಕುಳಿಯುವ ಸಾಧ್ಯತೆ ಹೆಚ್ಚು. ಕಡಲು ತಣ್ಣಗಾಗಿ ಬಂಡೆಗಳ ಮೇಲೆ ಪಾಚಿ ಮತ್ತೆ ಹಸಿರಾದಾಗ ಅವು ಪುನಃ ಬೆಳೆಯುತ್ತವೆ.