ಕೇಸು ಗೆದ್ದರೂ ಗೇಟು ತೆರೆಯದಿದ್ದರೆ

ಕೇಸು ಗೆದ್ದಾಯಿತು. ಪಕ್ಕದವರ ಜಾಗದ ಮೇಲೆ ಓಡಾಡುವ ಹಕ್ಕು ನಿಮಗಿದೆ ಅಂತ ಕೋರ್ಟೇ ಹೇಳಿತು. ಮರುದಿನ ಹೋಗಿ ನೋಡಿದರೆ ಗೇಟಿಗೆ ಅದೇ ಬೀಗ ನೇತಾಡುತ್ತಿದೆ. ಈಗ ಕಲ್ಲು ತಗೊಂಡು ಒಡೆಯಬಹುದಾ?

ಈ ತಲೆನೋವು ರೋಮನ್ನರಿಗೂ ಇತ್ತು. ಅವರು ದಾರಿಯನ್ನೇ ಮೂರು ಬಗೆ ಮಾಡಿದ್ದರು. ಆಳು ನಡೆಯಲು ಇಟರ್, ದನ ಹೊಡೆದುಕೊಂಡು ಹೋಗಲು ಆಕ್ಟಸ್, ಗಾಡಿಗೆ ವಿಯಾ. ವಿಯಾ ನೇರ ಇದ್ದಲ್ಲಿ 8 ಅಡಿ ಅಗಲ, ತಿರುವಿನಲ್ಲಿ 16 ಅಡಿ. ಕ್ರಿ.ಪೂ. 5ನೇ ಶತಮಾನದ ಹನ್ನೆರಡು ಫಲಕಗಳ ಕಾನೂನಿನ ಅಳತೆ ಇದು. ತಿರುವಿಗೆ ಎರಡರಷ್ಟು ಜಾಗ ಬಿಡಿಸಿದವರು ಗಾಡಿ ಹೊಡೆದು ಗೊತ್ತಿದ್ದವರೇ ಇರಬೇಕು, ಅಲ್ವಾ?

ದಾರಿಗೆ ಯಾರಾದರೂ ಅಡ್ಡ ಹಾಕಿದರೆ ಪ್ರೇಟರ್ ಎಂಬ ಅಧಿಕಾರಿಯ ಹತ್ತಿರ ಹೋಗಬೇಕಿತ್ತು. ಹಕ್ಕು ಯಾರದ್ದು ಅಂತ ಅವನು ಕೆದಕುತ್ತಿರಲಿಲ್ಲ. ಕಳೆದ ಒಂದು ವರ್ಷದಲ್ಲಿ ಕನಿಷ್ಠ 30 ದಿನ ಓಡಾಡಿದ್ದೀಯಾ? ಜಬರ್ದಸ್ತಿ ಮಾಡಿಲ್ಲ, ಕದ್ದು ಹೋಗಿಲ್ಲ, ಬೇಡಿಕೊಂಡು ಹೋಗಿಲ್ಲ ತಾನೇ? ಇಷ್ಟಕ್ಕೆ ಉತ್ತರ ಸರಿಯಿದ್ದರೆ, ಅಡ್ಡ ಹಾಕಬೇಡ ಅಂತ ಎದುರಿನವನಿಗೆ ಆದೇಶ. ಕೊನೆಯ ಮೂರು ಮಾತು ಇಂಗ್ಲೆಂಡಿನ ಕೋರ್ಟುಗಳಲ್ಲಿ ಈಗಲೂ ಲ್ಯಾಟಿನ್‌ನಲ್ಲೇ ಕೇಳಿಸುತ್ತವೆ.

ಇಂಗ್ಲೆಂಡಿನಲ್ಲಿ ಕಥೆ ಸ್ವಲ್ಪ ಸುತ್ತು ಹೊಡೆಯಿತು. ಅಲ್ಲಿನ ಕಾಮನ್ ಲಾ (ರೂಢಿ ಮತ್ತು ಹಳೆಯ ತೀರ್ಪುಗಳಿಂದ ಬೆಳೆದ ಕಾನೂನು) ಕೋರ್ಟುಗಳು ಬರುಬರುತ್ತಾ ಹೆಚ್ಚಾಗಿ ಪರಿಹಾರದ ದುಡ್ಡನ್ನೇ ಕೊಡಿಸತೊಡಗಿದವು. ದುಡ್ಡು ಬಂತು, ಬೇಲಿ ಹಾಗೇ ಉಳಿಯಿತು. ಬೇಲಿ ತೆಗೆಸಬೇಕೆಂದರೆ ಚಾನ್ಸರಿ ಎಂಬ ಇನ್ನೊಂದು ಕೋರ್ಟಿನ ಆಜ್ಞೆ ಬೇಕಿತ್ತು. ಅದನ್ನು ಮೀರಿದವನಿಗೆ ಜೈಲು. 1858ರ ಕಾನೂನು ಚಾನ್ಸರಿಗೂ ಆಜ್ಞೆಯ ಬದಲು ದುಡ್ಡು ಕೊಡಿಸುವ ಅವಕಾಶ ಕೊಟ್ಟಿತು. ಹಾಗಾದರೆ ಜೇಬು ದಪ್ಪ ಇದ್ದವನು ದುಡ್ಡು ಬಿಸಾಕಿ ಪಕ್ಕದವನ ಹಕ್ಕು ತುಳಿಯಬಹುದಲ್ಲ? ಆಗುವುದಿಲ್ಲ ಎಂದಿತು 1895ರ ಒಂದು ತೀರ್ಪು. ಜಗಳ ದಾರಿಯದ್ದಲ್ಲ, ವಿದ್ಯುತ್ ಕಂಪನಿಯ ಯಂತ್ರಗಳ ಅದುರಾಟದ್ದು. ಆದರೆ ದಾರಿ ಕೇಸುಗಳಲ್ಲೂ ಅದನ್ನು ಎತ್ತುತ್ತಲೇ ಬಂದರು.

ಬೀಗ ಒಡೆಯುವ ಪ್ರಶ್ನೆಗೆ ಬರೋಣ. ಅಡ್ಡಿಯನ್ನು ತಾನೇ ತೆಗೆಯುವ ಹಳೆಯ ಹಕ್ಕನ್ನು ಇಂಗ್ಲೆಂಡ್ ಪೂರ್ತಿ ಕಿತ್ತುಹಾಕಲಿಲ್ಲ, ಕೋರ್ಟುಗಳಿಗೆ ಅದು ಇಷ್ಟವಿಲ್ಲ ಅಷ್ಟೇ. ಭಾರತದ 1882ರ ಈಸ್‌ಮೆಂಟ್ (ಬೇರೆಯವರ ಜಾಗದ ಮೇಲೆ ದಾರಿಯಂಥ ಹಕ್ಕು) ಕಾಯ್ದೆ ಮಾತ್ರ ಬಾಗಿಲು ಮುಚ್ಚಿತು. 36ನೇ ಕಲಮಿನ ಪ್ರಕಾರ ಹಕ್ಕಿದ್ದವರೂ ಅಡ್ಡಿಯನ್ನು ಸ್ವತಃ ತೆಗೆಯುವಂತಿಲ್ಲ. ನನಗೆ ಇದೇ ಸರಿ ಅನ್ನಿಸುತ್ತದೆ. ಹಾರೆ ಹಿಡಿದು ಹೊರಟ ಮೇಲೆ ಜಗಳ ಬೀಗದ ಹತ್ತಿರ ನಿಲ್ಲುವುದಿಲ್ಲ.

ಆದರೆ ಕೈ ಕಟ್ಟಿದ ಮೇಲೆ ಕೋರ್ಟು ಬೇಗ ಬರಬೇಕು. ಭಾರತದಲ್ಲಿ ಕಕ್ಷಿದಾರನ ಕಷ್ಟ ಶುರುವಾಗುವುದೇ ಡಿಕ್ರಿ, ಅಂದರೆ ಕೋರ್ಟಿನ ತೀರ್ಪಿನ ಆದೇಶ, ಸಿಕ್ಕ ಮೇಲೆ ಅಂತ ಆಗ ಲಂಡನ್ನಿನಲ್ಲಿದ್ದ ಭಾರತದ ಕೊನೆಯ ಮೇಲ್ಮನವಿ ಕೋರ್ಟು ಪ್ರಿವಿ ಕೌನ್ಸಿಲ್ 1872ರಲ್ಲೇ ಹೇಳಿತ್ತು. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆ ಅಮಲ್ಜಾರಿಗೆ, ಅಂದರೆ ಡಿಕ್ರಿಯನ್ನು ಜಾರಿ ಮಾಡಿಸಲು, ದಾರಿ ತೋರಿಸಿದೆ: ಆಜ್ಞೆ ಮೀರಿದವನ ಆಸ್ತಿ ಜಪ್ತಿ, ಸಿವಿಲ್ ಜೈಲು, ಇಲ್ಲವೇ ಕೋರ್ಟೇ ಬೇರೆಯವರಿಂದ ಕೆಲಸ ಮಾಡಿಸಿ ಖರ್ಚನ್ನು ಅವನಿಂದ ವಸೂಲಿ ಮಾಡುವುದು.

ಎಷ್ಟೋ ಕೇಸು ಎಡವುವುದು ಡಿಕ್ರಿಯ ಬರವಣಿಗೆಯಲ್ಲಿ. ‘ಹಕ್ಕಿದೆ’ ಅಂತ ಸುಮ್ನೆ ಘೋಷಿಸಿದ ಡಿಕ್ರಿಯನ್ನು ಅಮಲ್ಜಾರಿಗೆ ಹಾಕಲು ಬರುವುದಿಲ್ಲ, ಜೊತೆಗೆ ಆಜ್ಞೆಯೂ ಇರಬೇಕು. ಅಗಲ ಎಷ್ಟು, ಎಲ್ಲಿಂದ ಎಲ್ಲಿಗೆ ಅಂತ ನಕ್ಷೆ ಇಲ್ಲದಿದ್ದರೆ ಬೇಲಿ ಪ್ರತಿ ವರ್ಷ ಒಂದೊಂದು ಗೇಣು ಒಳಗೆ ಸರಿಯುತ್ತದೆ. ನಡೆಯುವವರಿಗೆ ಗೊತ್ತೇ ಆಗುವುದಿಲ್ಲ. ಒಂದು ದಿನ ತಿರುವಿನಲ್ಲಿ ಗಾಡಿಯ ಹಿಂದಿನ ಚಕ್ರ ಕಂಬಕ್ಕೆ ಉಜ್ಜಿದಾಗಲೇ ಲೆಕ್ಕ ಸಿಗುವುದು. ಇನ್ನು ಗೇಟು ಹಾಕಿದ್ದೆಲ್ಲ ಅಡ್ಡಿಯಲ್ಲ. ಸಲೀಸಾಗಿ ತೆರೆಯುವಂತಿದ್ದು ಕೀಲಿಕೈ ಕೊಟ್ಟಿದ್ದರೆ ಕೋರ್ಟುಗಳು ಒಪ್ಪಿದ್ದುಂಟು.

ಗಡುವಿನ ವಿಷಯ ತುಂಬಾ ಜನ ಮರೆಯುತ್ತಾರೆ. 1963ರ ಕಾಲಮಿತಿ ಕಾಯ್ದೆಯಂತೆ, ಕಟ್ಟಿದ ಗೋಡೆ ಕೆಡವು ಎಂಬಂಥ ಆಜ್ಞೆಯನ್ನು ಜಾರಿ ಮಾಡಿಸಲು 3 ವರ್ಷ ಮಾತ್ರ. ಇನ್ನು ಮುಂದೆ ಅಡ್ಡ ಹಾಕಬೇಡ ಎಂಬ ಶಾಶ್ವತ ತಡೆಯಾಜ್ಞೆಗೆ ಗಡುವೇ ಇಲ್ಲ. ಪಕ್ಕದವನು ಹದಿನೈದು ವರ್ಷ ಬಿಟ್ಟು ಹೊಸ ಬೀಗ ಹಾಕಿದರೂ ಹಳೆಯ ಡಿಕ್ರಿಯನ್ನೇ ಹಿಡಿದು ಹೋಗಬಹುದು.