ಕಬ್ಬು ನೆಡುವ ಮೊದಲೇ ಬೆಲ್ಲ

ನಮ್ಮ ಅಕ್ಕನ ಮಗ ಕಥೆ ಬರೆಯುತ್ತಾನೆ. ಮಂಡ್ಯದ ಹುಡುಗ, ಮೈಸೂರಿನಲ್ಲಿ ಓದು. ಮೊನ್ನೆ ದೊಡ್ಡ ಗಡಿಯಾರದ ಹತ್ತಿರ ಸಿಕ್ಕಿದವನು ಹೊಸ ಕಥೆ ಹೇಳಿದ. ಆ ಲೋಕದಲ್ಲಿ ಕಾಲಕ್ಕೆ ಹಿಡಿತವೇ ಇಲ್ಲ. ಮೈಸೂರಿನಲ್ಲಿ ಒಂದು ಗಂಟೆ ಕಳೆಯುವಷ್ಟರಲ್ಲಿ ಮಂಡ್ಯದಲ್ಲಿ ಒಂದು ವರ್ಷ. ಅಲ್ಲಿನ ರೈತನೊಬ್ಬ ಮುಂದಿನ ವರ್ಷದ ಕಬ್ಬಿನ ಬೆಲ್ಲವನ್ನು ಈಗಲೇ ತಿನ್ನುತ್ತಾನೆ. ರುಚಿ ಹಿಡಿಸುವುದಿಲ್ಲ. ಕಬ್ಬು ನೆಡುವುದೇ ಬೇಡ ಎಂದುಬಿಡುತ್ತಾನೆ.

"ಹೆಂಗೈತೆ ಮಾವ?"

"ಎರಡು ಬೇರೆ ಬೇರೆ ಹುಚ್ಚನ್ನು ಒಂದೇ ಗಂಟು ಕಟ್ಟಿದ್ದೀಯ ಕಣೋ" ಅಂದೆ.

ಮೊದಲನೆಯದು, ಅಂದರೆ ಒಂದೊಂದು ಕಡೆ ಕಾಲ ಒಂದೊಂದು ವೇಗದಲ್ಲಿ ಓಡುವುದು, ಹುಚ್ಚೇ ಅಲ್ಲ. ನಾವಿರುವ ಲೋಕವೂ ಹಾಗೇ ಇದೆ. ನಾಲ್ವಡಿಯವರ ಆಳ್ವಿಕೆಯ ಬೆಳ್ಳಿಹಬ್ಬಕ್ಕೆಂದು 1927ರಲ್ಲಿ ಕಟ್ಟಿದ ಈ ದೊಡ್ಡ ಗಡಿಯಾರ ಕನ್ನಡ ಅಂಕಿಗಳಲ್ಲಿ ಹೊತ್ತು ತೋರಿಸುತ್ತದೆ. ಅದರಷ್ಟೇ ಕರಾರುವಾಕ್ಕಾದ ಇನ್ನೊಂದು ಗಡಿಯಾರವನ್ನು ಚಾಮುಂಡಿ ಬೆಟ್ಟದ ಮೇಲಿಟ್ಟರೆ ಎರಡೂ ಒಂದೇ ಸಮ ಓಡುವುದಿಲ್ಲ. ಭೂಮಿಯ ಸೆಳೆತ ಜಾಸ್ತಿ ಇರುವ ಕೆಳಗಡೆ ಕಾಲ ತುಸು ನಿಧಾನ ಎಂದು ಐನ್‌ಸ್ಟೈನ್ ಹೇಳಿದ್ದರು. ಬೆಟ್ಟ ಊರಿಗಿಂತ ಹೆಚ್ಚುಕಡಿಮೆ 300 ಮೀಟರ್ ಎತ್ತರ. ಲೆಕ್ಕ ಹಾಕಿದರೆ ಮೇಲಿನದು ವರ್ಷಕ್ಕೆ ಸೆಕೆಂಡಿನ ಹತ್ತು ಲಕ್ಷದಲ್ಲಿ ಒಂದು ಪಾಲು ಮುಂದೆ ಹೋಗುತ್ತದೆ. ಪೂಜಾರಿಗೂ ಗೊತ್ತಾಗಲ್ಲ, ಭಕ್ತರಿಗೂ ಗೊತ್ತಾಗಲ್ಲ. ಜಿಪಿಎಸ್ ಉಪಗ್ರಹಗಳ ಕಥೆ ಬೇರೆ. ಅವುಗಳ ಗಡಿಯಾರ ದಿನಕ್ಕೆ ಸುಮಾರು 38 ಮೈಕ್ರೊಸೆಕೆಂಡ್ ಮುಂದೆ ಓಡುತ್ತದೆ. ಜಿಪಿಎಸ್ ದೂರ ಅಳೆಯುವುದೇ ಸಿಗ್ನಲ್ ಬರಲು ಹಿಡಿದ ಹೊತ್ತಿನಿಂದ; ಅಷ್ಟರಲ್ಲಿ ಬೆಳಕು 11 ಕಿ.ಮೀ. ದಾಟಿರುತ್ತದೆ. ತಿದ್ದದೆ ಬಿಟ್ಟರೆ ಮೊಬೈಲ್ ಮ್ಯಾಪ್ ನಂಬಿ ಹೊರಟವರ ಪಾಡು ನೀವೇ ಊಹಿಸಿ.

ಇಷ್ಟೆಲ್ಲ ಏರುಪೇರಿನಲ್ಲೂ ಒಂದು ಮಾತ್ರ ಅಲುಗುವುದಿಲ್ಲ: ಕಾರಣ ಮೊದಲು, ಪರಿಣಾಮ ಆಮೇಲೆ. ಕೊಡಗಿನಲ್ಲಿ ಮಳೆಯಾಗಿ, ಕನ್ನಂಬಾಡಿ ತುಂಬಿ, ನಾಲೆಗೆ ನೀರು ಬಿಟ್ಟು, ಆಮೇಲೆ ಮಂಡ್ಯದ ಗದ್ದೆ ನೆನೆಯುತ್ತದೆ. ರಾಕೆಟ್‌ನಲ್ಲಿ ಎಷ್ಟೇ ಜೋರಾಗಿ ಹೋಗುತ್ತಾ ನೋಡಿದರೂ ಗದ್ದೆ ಮೊದಲು, ಮಳೆ ಆಮೇಲೆ ಅಂತ ಕಾಣಿಸದು. ಒಂದರಿಂದ ಇನ್ನೊಂದಕ್ಕೆ ಬೆಳಕು ತಲುಪಲೂ ಹೊತ್ತು ಸಾಲದಷ್ಟು ಆಸುಪಾಸಿನಲ್ಲಿ ಎರಡು ಘಟನೆ ನಡೆದರೆ ಮಾತ್ರ ಯಾವುದು ಮೊದಲು ಎಂಬುದು ನೋಡುವವರ ಮೇಲೆ ನಿಂತಿರುತ್ತದೆ. ಮೈಸೂರಿಗೂ ಮಂಡ್ಯಕ್ಕೂ ಆ ಆಸುಪಾಸು ಅಂದರೆ ಸೆಕೆಂಡಿನ ಹತ್ತು ಸಾವಿರದಲ್ಲಿ ಒಂದು ಪಾಲಿಗಿಂತ ಚೂರು ಜಾಸ್ತಿ. ಅಷ್ಟರಲ್ಲಿ ಒಂದು ಇನ್ನೊಂದಕ್ಕೆ ಕಾರಣ ಆಗೋಕೆ ಆಗಲ್ಲ, ಆದ್ದರಿಂದ ತೊಂದರೆಯೂ ಇಲ್ಲ.

ಹುಡುಗನ ಬೆಲ್ಲ ಮುರಿದಿದ್ದು ಈ ಕಾರಣ-ಪರಿಣಾಮದ ಸರಪಳಿಯನ್ನೇ. ಅದೇ ಎರಡನೇ ಹುಚ್ಚು. ಕಾಲ ಹಿಂದಕ್ಕೆ ಓಡಿದ್ದರೆ ಪರವಾಗಿರಲಿಲ್ಲ. ಬೆಲ್ಲ ಪಾಕವಾಗಿ, ಪಾಕ ಕಬ್ಬಿನ ಹಾಲಾಗಿ, ಹಾಲು ಜಲ್ಲೆ ಸೇರುತ್ತಿತ್ತು. ಸರಪಳಿ ತಿರುಗುಮುರುಗಾದರೂ ಕೊಂಡಿ ಕಳಚುತ್ತಿರಲಿಲ್ಲ. ಕೊಂಡಿಯೇ ಕಳಚಿದರೆ? ಆಲೆಮನೆಯಲ್ಲಿ ಪಾಕ ನೋಡುವವರನ್ನು ಗಮನಿಸಿ. ಕೊಪ್ಪರಿಗೆಯಿಂದ ಚೂರು ಪಾಕ ತೆಗೆದು ತಣ್ಣೀರಿಗೆ ಹಾಕಿ, ಬೆರಳಲ್ಲಿ ಉಂಡೆ ಮಾಡಿ ನೋಡುತ್ತಾರೆ. ಉಂಡೆ ಗಟ್ಟಿಯಾಯಿತೋ, ಕೊಪ್ಪರಿಗೆ ಇಳಿಸು. ಇದು ನಡೆಯುವುದು, ಕುದಿತಕ್ಕೂ ಗಟ್ಟಿತನಕ್ಕೂ ನಂಟು ಇರುವುದರಿಂದ. ಆ ನಂಟು ಹೋದ ಲೋಕದಲ್ಲಿ ಅವರ ಇಡೀ ಜೀವಮಾನದ ಅನುಭವಕ್ಕೆ ಮೂರು ಕಾಸಿನ ಬೆಲೆ ಇಲ್ಲ. ನೆನಪೂ ಅಷ್ಟೇ. ನಿನ್ನೆ ನಡೆದದ್ದು ಮೆದುಳಿನಲ್ಲಿ ಗುರುತು ಬಿಟ್ಟರೆ ತಾನೇ ನೆನಪು? ರೈತನಿಗೆ ಆ ಕೆಟ್ಟ ರುಚಿಯೇ ನೆನಪಿರುವುದಿಲ್ಲ, ತೀರ್ಮಾನದ ಮಾತೆಲ್ಲಿ ಬಂತು!

ಹಾಗಂತ ಭೌತಶಾಸ್ತ್ರದ ಸಮೀಕರಣಗಳು ನಿನ್ನೆಗೆ ಮರಳುವುದಕ್ಕೆ ಪೂರ್ತಿ ಬಾಗಿಲು ಹಾಕಿಲ್ಲ. ಗಣಿತಜ್ಞ ಕುರ್ಟ್ ಗೋಡೆಲ್ 1949ರಲ್ಲಿ ಐನ್‌ಸ್ಟೈನ್‌ರ ಸಮೀಕರಣಗಳಿಂದಲೇ ತಿರುಗುವ ವಿಶ್ವವೊಂದನ್ನು ಕಟ್ಟಿ ತೋರಿಸಿದರು. ಅಲ್ಲಿ ಮುಂದೆ ಮುಂದೆ ಹೋಗುತ್ತಲೇ ನಿಮ್ಮ ನಿನ್ನೆಗೆ ಬಂದು ಸೇರಬಹುದು. ನಮ್ಮ ವಿಶ್ವ ಹಾಗೆ ತಿರುಗುತ್ತಿರುವ ಸುಳಿವು ಸಿಕ್ಕಿಲ್ಲ. ಸಿಕ್ಕಿದ್ದರೂ ರಷ್ಯಾದ ಭೌತವಿಜ್ಞಾನಿ ಇಗೊರ್ ನೋವಿಕೋವ್ ಒಂದು ದಾರಿ ಹೇಳುತ್ತಾರೆ. ಹಿಂದಕ್ಕೆ ಹೋದವನು ಏನು ಮಾಡಿದರೂ ಅದು ಆಗಲೇ ಆಗಿಹೋದದ್ದರ ಭಾಗವೇ ಆಗಿರುತ್ತದೆ, ಒಂದಕ್ಕೊಂದು ತಾಳೆಯಾಗದ್ದು ನಡೆಯುವುದೇ ಇಲ್ಲ. ನನಗೇನೋ ಇದು ಸ್ವಲ್ಪ ಜಾಣತನದ ಉತ್ತರ ಅನ್ನಿಸುತ್ತದೆ. ಕಥೆಗಾರನಿಗೆ ಮಾತ್ರ ಹೇಳಿ ಮಾಡಿಸಿದ ಹಾಗಿದೆ.

ಹುಡುಗ ಅದನ್ನೇ ಹಿಡಿದುಕೊಂಡ. ಈಗ ಅವನ ಕಥೆಯಲ್ಲಿ ರೈತ ಕಬ್ಬು ಬೇಡ ಅಂತ ಮಲಗುತ್ತಾನೆ. ಬೆಳಗ್ಗೆ ಎದ್ದು ನೋಡಿದರೆ ಅಜ್ಜ ಯಾರಿಗೂ ಹೇಳದೆ ಗದ್ದೆಯಲ್ಲಿ ಬಿತ್ತನೆ ಕಬ್ಬು ಊರುತ್ತಿದ್ದಾನೆ.

"ಎಲ್ಲಾ ಸರಿ, ಆ ಬೆಲ್ಲನ ಯಾವ ವರ್ಷದ ರೇಟಿಗೆ ಮಾರ್ತಾನೆ?" ಅಂತ ಕೇಳಿದೆ. ಇನ್ನೂ ಯೋಚಿಸುತ್ತಿದ್ದಾನೆ.