ನರ್ಸಿಂಗ್ ಓದುತ್ತಿರುವಾಗಲೇ ಅಮೆರಿಕದ ಸಿಎನ್‌ಎ ಪರೀಕ್ಷೆಗೆ ಕೂರಬಹುದಾ?

ಪ್ರಶ್ನೆ: ಅಕ್ಕ, ನಾನು ವರ್ಜೀನಿಯಾದ ಒಂದು ಕಮ್ಯುನಿಟಿ ಕಾಲೇಜಿನಲ್ಲಿ ಆರ್‌ಎನ್ (ರಿಜಿಸ್ಟರ್ಡ್ ನರ್ಸ್) ಕೋರ್ಸ್ ಓದುತ್ತಿದ್ದೇನೆ. ಮೊದಲ ಸೆಮಿಸ್ಟರ್ ಮುಗಿಯಿತು. ವಾರಾಂತ್ಯದಲ್ಲಿ ನರ್ಸಿಂಗ್ ಹೋಮ್‌ನಲ್ಲಿ ಕೆಲಸ ಮಾಡೋಣ ಅಂದರೆ ಸಿಎನ್‌ಎ, ಅಂದರೆ ನರ್ಸ್‌ಗೆ ಸಹಾಯಕರಾಗಿ ರೋಗಿಗಳ ದಿನನಿತ್ಯದ ಆರೈಕೆ ಮಾಡುವ ನರ್ಸ್ ಏಡ್‌ನ ಸರ್ಟಿಫಿಕೇಟ್ ಕೇಳುತ್ತಾರೆ. ಅದಕ್ಕೆ ಮತ್ತೆ ದುಡ್ಡು ಕಟ್ಟಿ ಬೇರೆ ಕೋರ್ಸ್ ಮಾಡಲೇಬೇಕಾ? ನರ್ಸಿಂಗ್ ವಿದ್ಯಾರ್ಥಿಗಳು ನೇರವಾಗಿ ಪರೀಕ್ಷೆಗೆ ಕೂರಬಹುದು ಅಂತ ಕ್ಲಾಸಿನವರು ಹೇಳುತ್ತಾರೆ, ನಿಜವಾ? ಮಂಗಳೂರಿನಲ್ಲಿ ಬಿಎಸ್ಸಿ ನರ್ಸಿಂಗ್ ಮುಗಿಸಿ ಶಿಕಾಗೋಗೆ ಬಂದಿರುವ ನನ್ನ ಅತ್ತಿಗೆಗೂ ಇದೇ ದಾರಿ ಇದೆಯಾ?

ಉತ್ತರ: ಕ್ಲಾಸಿನವರು ಹೇಳಿದ್ದು ನಿಜ. ವರ್ಜೀನಿಯಾದಲ್ಲಿ ನಿಮಗೆ ಬೇರೆ ಕೋರ್ಸ್ ಬೇಕಿಲ್ಲ. ಆದರೆ ಮಾಫಿ ಆಗುವುದು ಕೋರ್ಸ್ ಮಾತ್ರ, ಪರೀಕ್ಷೆ ಅಲ್ಲ. ನರ್ಸಿಂಗ್ ಓದುತ್ತಿದ್ದೇನೆ, ಇದೇನು ಮಹಾ ಎಂದು ತಯಾರಿಯಿಲ್ಲದೆ ಹೋದರೆ ಪ್ರಾಕ್ಟಿಕಲ್‌ನಲ್ಲಿ ಫೇಲ್ ಆಗುವ ಸಾಧ್ಯತೆ ಚೆನ್ನಾಗಿಯೇ ಇದೆ. ಅದಕ್ಕೇ ಈ ಉತ್ತರದಲ್ಲಿ ಅರ್ಜಿಯ ವಿಷಯದಷ್ಟೇ ಪರೀಕ್ಷೆಯ ವಿಷಯವನ್ನೂ ಬರೆಯುತ್ತಿದ್ದೇನೆ.

ಈ ನಿಯಮಗಳೆಲ್ಲ ಎಲ್ಲಿಂದ ಬಂದವು ಎಂದು ಗೊತ್ತಿದ್ದರೆ ಮುಂದಿನದು ಸುಲಭ. ಅಮೆರಿಕದ ನರ್ಸಿಂಗ್ ಹೋಮ್ ಎಂದರೆ ನಮ್ಮ ಊರುಗಳ ಸಣ್ಣ ಖಾಸಗಿ ಆಸ್ಪತ್ರೆ ಅಲ್ಲ. ವಯಸ್ಸಾದವರು, ಹಾಸಿಗೆ ಹಿಡಿದವರು ತಿಂಗಳು, ವರ್ಷಗಟ್ಟಲೆ ಉಳಿಯುವ ಜಾಗ. ಅಲ್ಲಿ ಆರೈಕೆ ತೀರಾ ಹದಗೆಟ್ಟಿದೆ ಎಂದು 1986ರಲ್ಲಿ ಇನ್‌ಸ್ಟಿಟ್ಯೂಟ್ ಆಫ್ ಮೆಡಿಸಿನ್ ಒಂದು ವರದಿ ಕೊಟ್ಟಿತು. ಅದರ ಬೆನ್ನಲ್ಲೇ 1987ರಲ್ಲಿ ಒಬ್ರಾ ಎಂದು ಕರೆಯುವ ಕಾಯ್ದೆ ಬಂತು. ಮೆಡಿಕೇರ್, ಮೆಡಿಕೈಡ್ ಎಂಬ ಸರ್ಕಾರಿ ಆರೋಗ್ಯ ವಿಮೆಗಳ ಹಣ ಪಡೆಯುವ ನರ್ಸಿಂಗ್ ಹೋಮ್‌ಗಳಲ್ಲಿ ನರ್ಸ್ ಏಡ್ ಆಗುವವರಿಗೆ ಕನಿಷ್ಠ 75 ಗಂಟೆ ತರಬೇತಿ ಆಗಿರಬೇಕು, ಅದರಲ್ಲಿ 16 ಗಂಟೆಯಾದರೂ ಮೇಲ್ವಿಚಾರಣೆಯಲ್ಲಿ ಕೈಯಾರೆ ಮಾಡಿದ ಕೆಲಸ ಇರಬೇಕು, ಆಮೇಲೆ ಪರೀಕ್ಷೆ ಪಾಸಾಗಿ ರಾಜ್ಯದ ರಿಜಿಸ್ಟ್ರಿಯಲ್ಲಿ ಹೆಸರು ಸೇರಬೇಕು. ಕೇಂದ್ರದ ಕಾನೂನು ಹಾಕಿದ ಕನಿಷ್ಠ ಮಟ್ಟ ಇದು. ಇದರ ಮೇಲೆ ಎಷ್ಟು ಬೇಕಾದರೂ ಏರಿಸುವ ಸ್ವಾತಂತ್ರ್ಯ ರಾಜ್ಯಗಳಿಗಿದೆ. ಟೆಕ್ಸಾಸ್ 100 ಗಂಟೆ ಕೇಳುತ್ತದೆ, ಕ್ಯಾಲಿಫೋರ್ನಿಯಾ 160, ಮೇನ್ 180.

ಈಗ ಆ ತರಬೇತಿಯಲ್ಲಿ ಏನಿದೆ ನೋಡಿ. ಸೋಂಕು ತಡೆಗಟ್ಟುವುದು, ರೋಗಿಯನ್ನು ಹಾಸಿಗೆಯಿಂದ ಎಬ್ಬಿಸಿ ಕೂರಿಸುವುದು, ಸ್ನಾನ ಮಾಡಿಸುವುದು, ತಿನ್ನಿಸುವುದು, ನಾಡಿ ನೋಡುವುದು, ಹಿರಿಯರ ಹಕ್ಕು, ಮಾತುಕತೆಯ ರೀತಿ. ನೀವು ಮೊದಲ ಸೆಮಿಸ್ಟರ್‌ನ ಫಂಡಮೆಂಟಲ್ಸ್ ಆಫ್ ನರ್ಸಿಂಗ್‌ನಲ್ಲಿ ಓದಿದ್ದೂ ಬಹುತೇಕ ಇದನ್ನೇ. ಒಮ್ಮೆ ಕಲಿತದ್ದನ್ನು ಮತ್ತೆ ದುಡ್ಡು ಕೊಟ್ಟು ಕಲಿಯಬೇಕಿಲ್ಲ ಎಂದು ಹಲವು ರಾಜ್ಯಗಳು ಒಪ್ಪಿಕೊಂಡಿವೆ. ನರ್ಸಿಂಗ್ ವಿದ್ಯಾರ್ಥಿಗಳಿಗೆ ಸಿಗುವ ವಿನಾಯಿತಿಯ ಆಧಾರ ಇದೇ.

ವರ್ಜೀನಿಯಾ ಬೋರ್ಡ್ ಆಫ್ ನರ್ಸಿಂಗ್‌ನ ನಿಯಮ ಹೀಗಿದೆ: ನೀವು ಆರ್‌ಎನ್ ಅಥವಾ ಪಿಎನ್ (ಪ್ರಾಕ್ಟಿಕಲ್ ನರ್ಸ್) ಕೋರ್ಸಿಗೆ ದಾಖಲಾಗಿರಬೇಕು, ರೋಗಿಗಳನ್ನು ನೇರವಾಗಿ ನೋಡಿಕೊಂಡ 40 ಗಂಟೆ ಕ್ಲಿನಿಕಲ್ ಇರುವ ಒಂದಾದರೂ ನರ್ಸಿಂಗ್ ವಿಷಯವನ್ನು ಕಳೆದ 12 ತಿಂಗಳಲ್ಲಿ ಮುಗಿಸಿರಬೇಕು, ಅದಕ್ಕೆ ಪುರಾವೆ ಜೊತೆಗಿಟ್ಟು ಅರ್ಜಿ ಹಾಕಬೇಕು. ಹೇಳುವುದಕ್ಕೆ ಇಷ್ಟೇ. ಅರ್ಜಿಗಳು ವಾಪಸ್ ಬರುವುದು ಪುರಾವೆಯ ವಿಷಯದಲ್ಲಿ.

ಟ್ರಾನ್ಸ್‌ಕ್ರಿಪ್ಟ್‌ನಲ್ಲಿ ಸಾಮಾನ್ಯವಾಗಿ ವಿಷಯದ ಹೆಸರು, ಕ್ರೆಡಿಟ್, ಗ್ರೇಡ್ ಇರುತ್ತವೆಯೇ ಹೊರತು ಕ್ಲಿನಿಕಲ್ ಎಷ್ಟು ಗಂಟೆ ಎಂದು ಇರುವುದಿಲ್ಲ. ಆದ್ದರಿಂದ ನಿಮ್ಮ ನರ್ಸಿಂಗ್ ವಿಭಾಗದ ಡೈರೆಕ್ಟರ್ ಹತ್ತಿರ ಹೋಗಿ, ಕಾಲೇಜಿನ ಲೆಟರ್‌ಹೆಡ್‌ನಲ್ಲಿ ಒಂದು ಪತ್ರ ಬರೆಸಿಕೊಳ್ಳಿ. ಅದರಲ್ಲಿ ವಿಷಯದ ಹೆಸರು, ಶುರುವಾದ ಮತ್ತು ಮುಗಿದ ದಿನಾಂಕ, ಕ್ಲಿನಿಕಲ್ ಗಂಟೆ ಇಷ್ಟೂ ಇರಲಿ. ಮ್ಯಾನಿಕಿನ್ ಮೇಲೆ ಲ್ಯಾಬ್‌ನಲ್ಲಿ ಕಳೆದ ಗಂಟೆಗಳನ್ನೂ ವಾರ್ಡ್‌ನಲ್ಲಿ ಮನುಷ್ಯರನ್ನು ನೋಡಿಕೊಂಡ ಗಂಟೆಗಳನ್ನೂ ಬೇರೆ ಬೇರೆ ಬರೆಸಿ, ಏಕೆಂದರೆ ನಿಯಮದಲ್ಲಿರುವುದು ರೋಗಿಯ ನೇರ ಆರೈಕೆ ಎಂಬ ಮಾತು. 12 ತಿಂಗಳ ಗಡುವನ್ನೂ ಮರೆಯಬೇಡಿ. ಫಂಡಮೆಂಟಲ್ಸ್ ಮುಗಿಸಿ ಬಾಣಂತನಕ್ಕೋ ಊರಿಗೆ ಹೋಗಿ ಬರಲೋ ಒಂದು ವರ್ಷ ಬಿಡುವು ತೆಗೆದುಕೊಂಡವರು ಈ ಬಾಗಿಲನ್ನು ಕಳೆದುಕೊಳ್ಳುತ್ತಾರೆ. ಹಾಗಾಗಿ ಸೆಮಿಸ್ಟರ್ ಗ್ರೇಡ್ ಬಂದ ವಾರವೇ ಅರ್ಜಿ ಹಾಕಿಬಿಡಿ ಎನ್ನುತ್ತೇನೆ.

ಹೆಸರಿನ ವಿಷಯ ನಮ್ಮವರಿಗೆ ವಿಶೇಷ ತಲೆನೋವು. ಊರಿನ ಹೆಸರು, ಅಪ್ಪನ ಹೆಸರು ಇನಿಷಿಯಲ್ ಆಗಿ ಒಂದು ದಾಖಲೆಯಲ್ಲಿ ಮುಂದೆ, ಇನ್ನೊಂದರಲ್ಲಿ ಹಿಂದೆ, ಮತ್ತೊಂದರಲ್ಲಿ ಪೂರ್ತಿ ಬಿಡಿಸಿ ಬರೆದಿರುತ್ತದೆ. ಅರ್ಜಿಯಲ್ಲಿರುವ ಹೆಸರು ಪರೀಕ್ಷೆಯ ದಿನ ತೋರಿಸುವ ಗುರುತಿನ ಚೀಟಿಗೆ ಹೊಂದದಿದ್ದರೆ ಒಳಗೆ ಬಿಡುವುದಿಲ್ಲ. ಯಾವ ಗುರುತಿನ ಚೀಟಿ ಒಯ್ಯುತ್ತೀರೋ ಅದರಲ್ಲಿದ್ದ ಹಾಗೇ ಅಕ್ಷರಕ್ಕೆ ಅಕ್ಷರ ತುಂಬಿ.

ಬೇರೆ ರಾಜ್ಯಗಳಲ್ಲಿ ಓದುತ್ತಿರುವವರೂ ಇದನ್ನು ಓದುತ್ತಿರಬಹುದು, ಅವರಿಗಾಗಿ ಎರಡು ಮಾತು. ಕ್ಯಾಲಿಫೋರ್ನಿಯಾದಲ್ಲಿ ರಾಜ್ಯದ ಸಾರ್ವಜನಿಕ ಆರೋಗ್ಯ ಇಲಾಖೆಗೆ 283ಬಿ ಎಂಬ ಅರ್ಜಿ ಹಾಕಬೇಕು, ಫಂಡಮೆಂಟಲ್ಸ್‌ಗೆ ಸಮನಾದ ಓದು ಮುಗಿದಿದೆ ಎಂದು ತೋರಿಸುವ, ಕಾಲೇಜೇ ಮೊಹರು ಮಾಡಿದ ಟ್ರಾನ್ಸ್‌ಕ್ರಿಪ್ಟ್ ಬೇಕು, ಬೆರಳಚ್ಚನ್ನೂ ಕೊಡಬೇಕು. ಲಕೋಟೆಯನ್ನು ಮಾತ್ರ ದಯವಿಟ್ಟು ಒಡೆಯಬೇಡಿ, ಒಡೆದರೆ ಅದಕ್ಕೆ ಬೆಲೆಯಿಲ್ಲ. ಫ್ಲಾರಿಡಾದ ದಾರಿಯೇ ಬೇರೆ: ಅಲ್ಲಿ 18 ವರ್ಷ ತುಂಬಿ, ಹಿನ್ನೆಲೆ ಪರಿಶೀಲನೆಯಲ್ಲಿ ಪಾಸಾದ ಯಾರೇ ಆದರೂ ಕೋರ್ಸ್ ಇಲ್ಲದೆ ಪರೀಕ್ಷೆ ತೆಗೆದುಕೊಳ್ಳಬಹುದು. ಹಾಗಾಗಿ ಫ್ಲಾರಿಡಾದ ಗೆಳತಿ ಹೇಳಿದ್ದನ್ನು ನಂಬಿಕೊಂಡು ವರ್ಜೀನಿಯಾದಲ್ಲಿ ಹೆಜ್ಜೆ ಇಡಬೇಡಿ. ನಿಮ್ಮ ರಾಜ್ಯದ ನರ್ಸ್ ಏಡ್ ರಿಜಿಸ್ಟ್ರಿ ಹೇಳಿದ್ದೇ ಕೊನೆಯ ಮಾತು.

ಇನ್ನು ಪರೀಕ್ಷೆ. ವರ್ಜೀನಿಯಾ ಸೇರಿ ಹಲವು ರಾಜ್ಯಗಳಲ್ಲಿ ನಡೆಯುವುದು ಎನ್‌ಎನ್‌ಎಎಪಿ ಎಂಬ ನರ್ಸ್ ಏಡ್ ಪರೀಕ್ಷೆ. ಲಿಖಿತ ಭಾಗದಲ್ಲಿ 70 ಬಹು ಆಯ್ಕೆಯ ಪ್ರಶ್ನೆ, ಲೆಕ್ಕಕ್ಕೆ ಬರುವುದು 60. ಅದು ನಿಮಗೆ ಕಷ್ಟವಾಗದು. ಒಂದೇ ಒಂದು ಎಚ್ಚರಿಕೆ: ಪ್ರಶ್ನೆಗೆ ನರ್ಸ್ ಆಗಿ ಅಲ್ಲ, ಏಡ್ ಆಗಿ ಉತ್ತರಿಸಿ. ರೋಗಿಗೆ ಎದೆನೋವು ಬಂದರೆ ಏಡ್ ಔಷಧಿ ಕೊಡುವುದಿಲ್ಲ, ತಾನೇ ನಿರ್ಧಾರ ಮಾಡುವುದಿಲ್ಲ; ಕೂಡಲೇ ನರ್ಸ್‌ಗೆ ತಿಳಿಸುತ್ತಾಳೆ. ಹೆಚ್ಚು ಓದಿದವರು ತಪ್ಪುವುದು ಇಂಥಲ್ಲೇ.

ಪ್ರಾಕ್ಟಿಕಲ್‌ನಲ್ಲಿ ಐದು ಕೆಲಸ ಮಾಡಿ ತೋರಿಸಬೇಕು. ಕೈ ತೊಳೆಯುವುದು ಎಲ್ಲರಿಗೂ ಕಡ್ಡಾಯ, ಒಂದು ಅಳತೆಯ ಕೆಲಸ ಇದ್ದೇ ಇರುತ್ತದೆ, ಉಳಿದವು ಯಾವುವು ಬರುತ್ತವೆ ಎಂದು ಮುಂಚೆ ಗೊತ್ತಿರುವುದಿಲ್ಲ. ಪರೀಕ್ಷಕರು ಪಟ್ಟಿ ಹಿಡಿದು ಒಂದೊಂದೇ ಹೆಜ್ಜೆಗೆ ಗುರುತು ಹಾಕುತ್ತಾ ಹೋಗುತ್ತಾರೆ. ಕೈ ತೊಳೆಯುವುದನ್ನೇ ತೆಗೆದುಕೊಳ್ಳಿ. ಸೋಪು ಹಚ್ಚಿ ಕನಿಷ್ಠ 20 ಸೆಕೆಂಡ್ ಉಜ್ಜಬೇಕು. ಅಷ್ಟು ಹೊತ್ತೂ ಬೆರಳ ತುದಿ ಕೆಳಗಿರಬೇಕು, ಮೊಣಕೈಗಿಂತ ಕೈ ಮೇಲೇಳಬಾರದು. ಉಗುರುಗಳನ್ನು ಅಂಗೈಗೆ ತಿಕ್ಕಬೇಕು. ಸಿಂಕಿನ ಒಳಬದಿಗೆ ಕೈ ತಾಗಬಾರದು. ಕೊನೆಯಲ್ಲಿ ನಲ್ಲಿ ನಿಲ್ಲಿಸಲು ಹೊಸ ಪೇಪರ್ ಟವೆಲ್ ಬೇಕು. ಬರಿಗೈಯಲ್ಲಿ ತಿರುಗಿಸಿದರೆ ಅಷ್ಟು ಹೊತ್ತು ತೊಳೆದದ್ದೆಲ್ಲ ನೀರಿನಲ್ಲಿ ಹೋಮ ಮಾಡಿದ ಹಾಗೆ.

ವೀಲ್‌ಚೇರ್‌ಗೆ ಕೂರಿಸುವ ಕೆಲಸ ಬಂದರೆ, ರೋಗಿಯನ್ನು ಎಬ್ಬಿಸುವ ಮೊದಲೇ ಗಾಲಿಗಳಿಗೆ ಲಾಕ್ ಹಾಕಿರಬೇಕು, ಕಾಲಿಗೆ ಜಾರದ ಚಪ್ಪಲಿ ಅಥವಾ ಶೂ ಇರಬೇಕು, ಬಟ್ಟೆಯ ಮೇಲೆ ಸೊಂಟಕ್ಕೆ ಬೆಲ್ಟ್ ಕಟ್ಟಿರಬೇಕು. ಲಾಕ್ ಮರೆತರೆ ಉಳಿದದ್ದೆಲ್ಲ ಸರಿಯಿದ್ದರೂ ಆ ಕೆಲಸದಲ್ಲಿ ಫೇಲ್. ಅದು ನ್ಯಾಯವೂ ಹೌದು, ಆ ಒಂದು ಮರೆವಿನಲ್ಲಿ ಸೊಂಟದ ಮೂಳೆ ಮುರಿದುಕೊಳ್ಳುವವರು ಎಂಬತ್ತು ದಾಟಿದ ಅಜ್ಜಿಯರು. ಪಾರ್ಶ್ವವಾಯು ಆದವರಿಗೆ ಅಂಗಿ ಹಾಕುವಾಗ ಬಲವಿಲ್ಲದ ಕೈಯನ್ನು ಮೊದಲು ತೂರಿಸಬೇಕು. ನಾಡಿಯನ್ನು ಪೂರ್ತಿ ಒಂದು ನಿಮಿಷ ಎಣಿಸಬೇಕು. ನಿಮ್ಮ ಲೆಕ್ಕ ಪರೀಕ್ಷಕರದ್ದಕ್ಕಿಂತ ನಾಲ್ಕು ಬಡಿತಕ್ಕಿಂತ ಹೆಚ್ಚು ಆಚೀಚೆ ಹೋಗಬಾರದು. ಮೂತ್ರದ ಅಳತೆ ಓದುವಾಗ ಪಾತ್ರೆಯನ್ನು ಸಮತಟ್ಟಾದ ಕಡೆ ಇಟ್ಟು ಕಣ್ಣಿನ ಮಟ್ಟಕ್ಕೆ ಬಗ್ಗಿ ನೋಡಬೇಕು. ಪ್ರತಿ ಕೆಲಸದ ಮೊದಲು ಏನು ಮಾಡಲಿದ್ದೀರಿ ಎಂದು ರೋಗಿಗೆ ಮುಖ ನೋಡಿ ಹೇಳಬೇಕು, ಪರದೆ ಎಳೆಯಬೇಕು. ಮುಗಿದ ಮೇಲೆ ಹಾಸಿಗೆ ತಗ್ಗಿಸಿ, ಕರೆಗಂಟೆ ಕೈಗೆ ಸಿಗುವಂತೆ ಇಡಬೇಕು. ಮಧ್ಯೆ ತಪ್ಪಿದ್ದು ಗೊತ್ತಾದರೆ ಗಾಬರಿಯಾಗದೆ ಪರೀಕ್ಷಕರಿಗೆ ಬಾಯಿಬಿಟ್ಟು ಹೇಳಿ ಸರಿಪಡಿಸಿಕೊಳ್ಳಿ.

ಇಂಥ ಕೆಲಸಗಳು ಭಾರತದಲ್ಲಿ ಓದಿ ಬಂದವರಿಗೆ ಇನ್ನೂ ಹೊಸವು, ಅತ್ತಿಗೆಗೆ ಇದನ್ನು ಹೇಳಿ. ನಮ್ಮ ಕಡೆಯ ಆಸ್ಪತ್ರೆಗಳಲ್ಲಿ ಮೈ ಒರೆಸುವುದು, ತಿನ್ನಿಸುವುದು, ಬೆಡ್‌ಪ್ಯಾನ್ ಕೊಡುವುದು ಹೆಚ್ಚಾಗಿ ಪೇಷೆಂಟ್ ಕಡೆಯವರ ಅಥವಾ ಆಯಾಗಳ ಪಾಲು. ನಾಲ್ಕು ವರ್ಷ ಬಿಎಸ್ಸಿ ಮಾಡಿ, ಐವಿ ಹಾಕುವುದರಲ್ಲಿ ಕೈ ಪಳಗಿದವರಿಗೂ ಒಬ್ಬರೇ ನಿಂತು ಹಾಸಿಗೆಯಲ್ಲಿ ಮಲಗಿದವರ ಕೆಳಗಿನ ಚಾದರ ಬದಲಿಸುವ ಅಭ್ಯಾಸ ಇರುವುದಿಲ್ಲ. ಮನೆಯಲ್ಲಿ ಅಣ್ಣನನ್ನೇ ಮಲಗಿಸಿ ಅಭ್ಯಾಸ ಮಾಡಲಿ.

ಅತ್ತಿಗೆಯ ಅರ್ಹತೆಯ ಮಾತಿಗೆ ಬರುತ್ತೇನೆ. ಶಿಕಾಗೋ ಇರುವ ಇಲಿನಾಯ್ ರಾಜ್ಯದ ನಿಯಮದಲ್ಲಿ ವಿದೇಶದಲ್ಲಿ ನರ್ಸಿಂಗ್ ಮುಗಿಸಿದವರಿಗೆ ಪ್ರತ್ಯೇಕ ಅವಕಾಶವಿದೆ. ಡಿಪ್ಲೊಮಾ, ಪದವಿ ಪ್ರಮಾಣಪತ್ರ ಅಥವಾ ನೋಂದಣಿ ಇವುಗಳಲ್ಲಿ ಒಂದು ಪುರಾವೆ, ಸೋಷಿಯಲ್ ಸೆಕ್ಯುರಿಟಿ ಕಾರ್ಡಿನ ಪ್ರತಿ, ವೀಸಾ ಅಥವಾ ಪೌರತ್ವದ ದಾಖಲೆ ಕೇಳುತ್ತಾರೆ. ಕರ್ನಾಟಕ ರಾಜ್ಯ ನರ್ಸಿಂಗ್ ಕೌನ್ಸಿಲ್‌ನ ನೋಂದಣಿ ಪತ್ರ, ರಾಜೀವ್ ಗಾಂಧಿ ವಿಶ್ವವಿದ್ಯಾಲಯದ ಪದವಿ ಪತ್ರ ಇದ್ದರೆ ಮೊದಲನೆಯದಕ್ಕೆ ತೊಂದರೆಯಿಲ್ಲ. ಸಿಕ್ಕಿಹಾಕಿಕೊಳ್ಳುವುದು ಎರಡನೆಯದರಲ್ಲಿ. ಅತ್ತಿಗೆ ಎಚ್-4 ವೀಸಾದಲ್ಲಿ, ಅಂದರೆ ಎಚ್-1ಬಿ ಕೆಲಸದ ವೀಸಾದಲ್ಲಿರುವವರ ಹೆಂಡತಿಯಾಗಿ ಬಂದಿದ್ದರೆ, ಕೆಲಸದ ಪರವಾನಗಿ ಇಲ್ಲದೆ ಸೋಷಿಯಲ್ ಸೆಕ್ಯುರಿಟಿ ನಂಬರ್ ಸಿಗುವುದಿಲ್ಲ. 2015ರಿಂದ ಎಚ್-4ನವರಿಗೂ ಇಎಡಿ ಎಂಬ ಪರವಾನಗಿ ಸಿಗುತ್ತಿದೆ, ಆದರೆ ಎಲ್ಲರಿಗೂ ಅಲ್ಲ. ಮುಖ್ಯವಾಗಿ ಗಂಡನ ಗ್ರೀನ್ ಕಾರ್ಡಿನ ಐ-140 ಅರ್ಜಿ ಮಂಜೂರಾಗಿರಬೇಕು. ಅದು ಆಗಿದೆಯಾ ಎಂದು ಮೊದಲು ಅಣ್ಣನನ್ನು ಕೇಳಿ.

ನಿಮಗೂ ಇದೇ ಮಾತು. ನೀವು ಯಾವ ವೀಸಾದಲ್ಲಿದ್ದೀರಿ ಎಂದು ಬರೆದಿಲ್ಲ. ಎಫ್-1, ಅಂದರೆ ವಿದ್ಯಾರ್ಥಿ ವೀಸಾ ಆಗಿದ್ದರೆ ಪರೀಕ್ಷೆ ಪಾಸಾದದ್ದು ಕೆಲಸದ ಪರವಾನಗಿ ಆಗುವುದಿಲ್ಲ. ಕ್ಯಾಂಪಸ್ಸಿನ ಹೊರಗೆ ಸಂಬಳಕ್ಕೆ ದುಡಿಯಲು ಬೇರೆ ಅನುಮತಿ ಬೇಕೇ ಬೇಕು. ವಾರಾಂತ್ಯ ತಾನೇ ಎಂದು ಒಂದು ದಿನ ದುಡಿದರೂ ವೀಸಾಕ್ಕೆ ಕುತ್ತು, ಓದಿದ ಓದೂ ನೀರುಪಾಲಾದೀತು. ಫೀಸ್ ಕಟ್ಟುವ ಮುಂಚೆಯೇ ಕಾಲೇಜಿನ ಅಂತರರಾಷ್ಟ್ರೀಯ ವಿದ್ಯಾರ್ಥಿಗಳ ಕಚೇರಿಗೆ ಹೋಗಿ ಕೇಳಿ. ಗ್ರೀನ್ ಕಾರ್ಡ್ ಇದ್ದರೆ ಈ ಚಿಂತೆ ಇಲ್ಲ.

ಹೆಸರು ರಿಜಿಸ್ಟ್ರಿಗೆ ಸೇರಿದ ಮೇಲೆ ಸತತ 24 ತಿಂಗಳು ಸಂಬಳದ ಆರೈಕೆ ಕೆಲಸ ಮಾಡದಿದ್ದರೆ ಮತ್ತೆ ಮೊದಲಿಂದ ಶುರು ಮಾಡಬೇಕಾಗುತ್ತದೆ. ಬೇರೆ ರಾಜ್ಯಕ್ಕೆ ಹೋದರೆ ಹೆಸರನ್ನು ವರ್ಗಾಯಿಸಿಕೊಳ್ಳಬಹುದು, ಆದರೆ ಕೆಲವು ಕಡೆ ತರಬೇತಿಯ ಗಂಟೆ ಎಷ್ಟು ಎಂದು ಕೇಳುತ್ತಾರೆ. ಡೈರೆಕ್ಟರ್ ಕೊಟ್ಟ ಆ ಪತ್ರದ ಪ್ರತಿಯನ್ನು ಜೋಪಾನವಾಗಿ ಇಟ್ಟುಕೊಳ್ಳಿ. ಪರೀಕ್ಷೆಯ ಶುಲ್ಕದ ರಸೀದಿಯನ್ನೂ ಬಿಸಾಡಬೇಡಿ. ನರ್ಸಿಂಗ್ ಹೋಮ್ ಕೆಲಸಕ್ಕೆ ತೆಗೆದುಕೊಂಡ ಏಡ್‌ಗಳ ಮೇಲೆ ತರಬೇತಿ, ಪರೀಕ್ಷೆಯ ಖರ್ಚು ಹೊರಿಸಬಾರದು ಎಂಬ ಆಶಯದ ನಿಯಮ ಕೇಂದ್ರ ಕಾನೂನಿನಲ್ಲಿದೆ, ಕೆಲಸಕ್ಕೆ ಸೇರುವ ದಿನ ಆ ಹಣ ವಾಪಸ್ ಸಿಗುತ್ತದೆಯೇ ಎಂದು ಸಂಕೋಚವಿಲ್ಲದೆ ಕೇಳಿ.